ದಾಕ್ಷಾಯಣಮ್ಮನವರ ಹತ್ತೊಂಬತ್ತು ಗೈರು

ದಾಕ್ಷಾಯಣಮ್ಮನವರಂಥ ಮೊಂಡು ಹೆಂಗಸನ್ನು ನಾನು ಬೇರೆ ಕಂಡಿಲ್ಲ. ಉದಯಗಿರಿಯ ಒಂದು ಸರ್ಕಾರಿ ಶಾಲೆಯಲ್ಲಿ ಆಗ ನಾನು ಹೆಡ್‌ಮಾಸ್ಟರು, ಅವರು ಸಹಶಿಕ್ಷಕಿ. ಐದು ನಿಮಿಷ ತಡವಾದರೂ ತಮ್ಮ ಹೆಸರಿನ ಮುಂದೆ ತಾವೇ ಕೆಂಪು ಶಾಯಿಯಲ್ಲಿ ಗುರುತು ಹಾಕಿಕೊಳ್ಳುತ್ತಿದ್ದರು. ಹಾಜರಿ ಪುಸ್ತಕ ಬರೆಯುವುದು ಹೆಡ್‌ಮಾಸ್ಟರ ಕೆಲಸ. ನಾನು ಸೋಮಾರಿ, ಅದನ್ನು ಅವರ ತಲೆಗೇ ಕಟ್ಟಿದ್ದೆ.

2001ರಲ್ಲಿ ಶಾಲೆ ಬಿಟ್ಟ ಮಕ್ಕಳನ್ನು ಮನೆಮನೆಗೆ ಹೋಗಿ ಎಣಿಸುವ ಕೆಲಸ ಬಂತು. ಆದೇಶ ಇದ್ದದ್ದು ನಮ್ಮ ಶಾಲೆಯ ಇನ್ನೊಬ್ಬ ಮೇಷ್ಟ್ರು ಲೋಕೇಶನ ಹೆಸರಿಗೆ. ಅವನು ನನ್ನ ಹೆಂಡತಿಯ ತಮ್ಮ, ಆ ತಿಂಗಳೇ ಅವನ ಮದುವೆ. "ನೀವೇ ಹೋಗ್ಬುಡಿ ದಾಕ್ಷಾಯಣಮ್ಮ, ಕಾಗದಪತ್ರ ನಾನ್ ನೋಡ್ಕೋತೀನಿ" ಎಂದೆ. ಏನು ನೋಡಿಕೊಂಡೆ, ಮಣ್ಣು! ಹತ್ತೊಂಬತ್ತು ದಿನ ಆಕೆ ಬಿಸಿಲಲ್ಲಿ ತಿರುಗಿದರು. ಪಟ್ಟಿಗೆ ಲೋಕೇಶನ ಸಹಿ ಹಾಕಿಸಿ ಕಳಿಸಿದೆ. ಪಾಠ ಮಾಡದ ದಿನಕ್ಕೆ ಹಾಜರಿ ಹಾಕಿಕೊಳ್ಳಲು ಆಕೆಗೆ ಕೈ ಬರಲಿಲ್ಲ. ತಮ್ಮ ಹೆಸರಿಗೆ ಆದೇಶವೂ ಇರಲಿಲ್ಲ. ಹತ್ತೊಂಬತ್ತು ದಿನಕ್ಕೂ 'ಗೈರು' ಎಂದು ಬರೆದರು. ತಿಂಗಳ ಕೊನೆಗೆ ನಾನು ಕಣ್ಣು ಹಾಯಿಸದೆ ರುಜು ಹಾಕಿದೆ. ಸಂಬಳ ಪೂರ್ತಿ ಬಂತು, ಇಬ್ಬರೂ ಮರೆತೆವು.

ಆಕೆ ನಿವೃತ್ತರಾದ ಮೇಲೆ ಕಡತ ಪರಿಶೀಲಿಸಿದವರ ಕಣ್ಣಿಗೆ ಅದು ಬಿತ್ತು. ರಜೆಯ ಅರ್ಜಿಯಿಲ್ಲದ ಗೈರು, ಆದ್ದರಿಂದ ಸೇವೆ ತುಂಡಾಗಿದೆ, ಹಿಂದಿನ ಹದಿನೈದು ವರ್ಷ ಪಿಂಚಣಿಗೆ ಸೇರದು ಎಂದು ಪತ್ರ ಬಂತು. ಆಕೆ ಕೋರ್ಟಿಗೆ ಹೋದರು. ಅವರ ಹೇಳಿಕೆ ಕೇಳಿ ಮತ್ತೆ ತೀರ್ಮಾನಿಸಿ ಎಂದು ಕೋರ್ಟು ಇಲಾಖೆಗೇ ಹೇಳಿತು.

ಅಷ್ಟರಲ್ಲಿ ಆಕೆ ಅರ್ಧ ಆಗಿಹೋಗಿದ್ದರು. ಲಷ್ಕರ್ ಮೊಹಲ್ಲಾದ ಮನೆಯಲ್ಲಿ ಗಂಡ ಮೃತ್ಯುಂಜಯ ಪಾರ್ಶ್ವವಾಯು ಬಡಿದು ಹಾಸಿಗೆ ಹಿಡಿದಿದ್ದಾರೆ. ಅವರ ಔಷಧಿ, ನೋಡಿಕೊಳ್ಳುವವಳ ಸಂಬಳ, ಮನೆ ಬಾಡಿಗೆ, ಎಲ್ಲಕ್ಕೂ ಆ ಪಿಂಚಣಿಯೇ. ಪೋಸ್ಟಿನವನು ಮೆಟ್ಟಿಲು ಹತ್ತಿದರೆ ಆಕೆ ಬಚ್ಚಲುಮನೆಗೆ ಹೋಗಿ ನಿಲ್ಲುತ್ತಿದ್ದರಂತೆ. ಶಾಲೆಯ ತಪಾಸಣೆಗೆ ಬಂದ ಇನ್‌ಸ್ಪೆಕ್ಟರನ್ನೇ ಹೊರಗೆ ನಿಲ್ಲಿಸಿ ಪಾಠ ಮುಗಿಸಿದ ಹೆಂಗಸು!

ನನಗೂ ಹೆದರಿಕೆಯೇ, ಮುಚ್ಚಿಡುವುದೇನು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿಕೊಂಡ ಎಂಬ ಗಾದೆ ನನ್ನನ್ನು ನೋಡಿಯೇ ಹುಟ್ಟಿರಬೇಕು. ಆಕೆ ನನ್ನ ಹೆಸರು ಹೇಳಿದರೆ ನನ್ನ ಪಿಂಚಣಿಗೂ ಕತ್ತರಿ ಬೀಳುತ್ತದೆ, ಇನ್ನೂ ನೌಕರಿಯಲ್ಲಿರುವ ಲೋಕೇಶನಿಗೂ ಕುತ್ತು. ಆದರೂ ವಿಚಾರಣೆಗೆ ಜೊತೆಗೆ ಹೋದೆ. ಧೈರ್ಯ ಹೇಳಲಿಕ್ಕಲ್ಲ, ಏನು ಹೇಳುತ್ತಾರೋ ಕೇಳಲಿಕ್ಕೆ.

ವಿಚಾರಣೆ ಮಾಡುವ ಅಧಿಕಾರಿ ರಕ್ಷಿತಾ, ಚಿಕ್ಕ ವಯಸ್ಸು, ಮೆತ್ತಗೆ ಮಾತಾಡುವ ಹುಡುಗಿ. ಪುಸ್ತಕ ತೆರೆದು ತೋರಿಸಿದರು.

"ಇದು ನಿಮ್ಮ ಅಕ್ಷರಾನಾ ಅಮ್ಮ?"

"ಹೌದು ಮೇಡಂ. ಗಣತಿಗೆ ಹೋಗಿದ್ದೆ."

"ಗಣತಿ ಮಾಡಿದ್ದು ಲೋಕೇಶ್ ಅಂತ ಇದೆಯಲ್ಲ. ನಿಮ್ಮನ್ನ ಕಳಿಸಿದ್ದು ಯಾರು? ಅವರು ಬಂದು ಒಂದು ಮಾತು ಹೇಳಿದ್ರೆ ಸಾಕು, ನಾನು ಬರ್ಕೋತೀನಿ."

ಬಾಗಿಲ ಪಕ್ಕದ ಬೆಂಚಿನಲ್ಲಿ ನಾನು ಕೂತೇ ಇದ್ದೆ. ಆಕೆ ತಿರುಗಿ ನನ್ನನ್ನು ನೋಡಿದರು.

"ನೆನಪಿಲ್ಲ ಮೇಡಂ" ಎಂದರು.

ನನಗೆ ಆ ಕ್ಷಣ ಆದದ್ದು ನಿರಾಳ. ಹೇಸಿಗೆ ಆಮೇಲೆ ಬಂತು. ಆಕೆ ಹೇಳಿಕೆಯನ್ನು ಎರಡು ಸಲ ಓದಿ, ಸಹಿ ಹಾಕಿ ಹೊರಬಂದರು. ಇಬ್ಬರೂ ಬಸ್ ಸ್ಟಾಪಿಗೆ ನಡೆದೆವು.

"ನಿಮ್ ಮುಖ ನೋಡ್ದೆ ಕಣ್ರೀ ಮೇಷ್ಟ್ರೇ," ಎಂದರು ಆಕೆ. "ನಂಗಿಂತ ಜಾಸ್ತಿ ಹೆದ್ರಿದ್ರಿ. ಹೇಳಕ್ಕೆ ಮನಸು ಬರ್ಲಿಲ್ಲ."

"ಬಸ್ ಬಂತು" ಎಂದೆ.

ರಕ್ಷಿತಾ ಅವರ ಆದೇಶ ಹೊರಬೀಳುವುದು ಈ ಶುಕ್ರವಾರ. ಅದರೊಳಗೆ ಹೋಗಿ ಹೇಳಿದರೆ ಆಗುತ್ತದೆ. ದಿನಾ ಬೆಳಿಗ್ಗೆ ಚಪ್ಪಲಿ ಮೆಟ್ಟಿ ಆ ಕಛೇರಿಯ ಗೇಟಿನವರೆಗೆ ಹೋಗುತ್ತೇನೆ, ವಾಪಸು ಬರುತ್ತೇನೆ. ಇವತ್ತು ಬುಧವಾರ.