ಆಗ ಏನು ತಿಂತಿದ್ದೆ?
ಫಿಲಿಪ್ಪೀನ್ಸಿನ ಇಲೊಯ್ಲೊ ದೋಣಿಕಟ್ಟೆಯಲ್ಲಿ ಮೊಬೈಲ್ ರೀಚಾರ್ಜ್ ಅಂಗಡಿ ಇಟ್ಟಿರುವ ಫ್ಲೋರ್ದೆಲಿಸಕ್ಕ ಕೂತಲ್ಲಿ ಕೂರುವವಳಲ್ಲ. ಕಾಲು ಸುಟ್ಟ ಬೆಕ್ಕಿನ ಹಾಗೆ ಒಳಗೂ ಹೊರಗೂ ಸುತ್ತುತ್ತ, ಊರವರು ಒಮ್ಮೆ ನೋಡಿ ಕಳೆದುಕೊಂಡ ವಿಡಿಯೊಗಳನ್ನು ಹುಡುಕಿಕೊಡುತ್ತಾಳೆ. ಮೀನುಗಾರ ರೋಹೆಲಿಯೊ "ಮೀನು ನಾಯಿ ಹೆಂಗಸು ಓಟ" ಎಂದು ಒತ್ತಿದ್ದಕ್ಕೆ ಫೋನು ಓಟದ ಬೂಟು ತೋರಿಸಿದರೆ, ಫೋನನ್ನೇ ಕಿತ್ತುಕೊಂಡು, "ಅದು ಹಾಳಾಗ್ಲಿ, ಆಗ ಏನು ತಿಂತಿದ್ದೆ ಹೇಳು," ಅನ್ನುತ್ತಾಳೆ. "ಬಾಚೊಯ್ ಸಾರು, ಅಕ್ಕ." "ಅಂದ್ರೆ ಬೆಳಗ್ಗೆ, ಸಂತೇಲಿ. ಪಕ್ಕದಲ್ಲಿ ಯಾರು ನಗ್ತಿದ್ರು?" "ನನ್ನ ನಾದಿನಿ." "ಹಾಗಾದ್ರೆ ಅವಳ ಫೋನಲ್ಲಿ ನೋಡಿದ್ದು. ಅವಳು ಮದುವೆ ಬಿಟ್ಟು ಬೇರೇನೂ ನೋಡಲ್ಲ ಕಣೋ." "ಮದುವೆ" ಎಂದು ಸೇರಿಸಿ ಒತ್ತಿದ ಮರುಕ್ಷಣವೇ ಮೀನು ಕಚ್ಚಿಕೊಂಡ ನಾಯಿ, ಅದರ ಹಿಂದೆ ಮದುಮಗಳು ಪರದೆಯ ತುಂಬ ಓಡುತ್ತಾರೆ. ದೋಣಿ ಹೊರಟು ಕಟ್ಟೆ ಖಾಲಿಯಾದಾಗ ಮಾತ್ರ ಅವಳು ತನಗಾಗಿ ಒತ್ತುತ್ತಾಳೆ: "ದೋಣಿ ನೀಲಿ ಅಂಗಿ ಗಂಡಸು ಸಿಳ್ಳೆ." ಯಾರೋ ಪ್ರವಾಸಿ ತೆಗೆದ ವಿಡಿಯೊ ಅದು, ತೀರಿಕೊಂಡ ಗಂಡ ಅದರ ಮೂಲೆಯಲ್ಲಿ ಸಿಳ್ಳೆ ಹಾಕುತ್ತ ಹಗ್ಗ ಸುತ್ತುತ್ತಿರುತ್ತಾನೆ. ಇಬ್ಬರೂ ಜೊತೆಗೆ ಕೂತು ಒಮ್ಮೆ ನೋಡಿದ್ದರು, ಆಮೇಲೆ ಎಷ್ಟು ಹುಡುಕಿದರೂ ಅದು ಸಿಕ್ಕಿಲ್ಲ. ಪಕ್ಕದಲ್ಲಿ ಯಾರು ನಗುತ್ತಿದ್ದರೆಂಬುದು ಅವಳಿಗೆ ಗೊತ್ತು. ಏನು ತಿನ್ನುತ್ತಿದ್ದೆವು ಎಂಬುದು ಮಾತ್ರ, ಎಷ್ಟು ಸುತ್ತಿದರೂ, ನೆನಪಾಗುವುದಿಲ್ಲ.