ಇನ್ನ ಯಾರಿಗರ ಬೇಕೇನ್ರಿ ಇದು?

ತಿಕೋಟಾದ ನನ್ನ ಟೈಪಿಂಗ್ ಅಂಗಡಿಯ ಕಂಪ್ಯೂಟರ್ ರಿಪೇರಿಗೆ ವಿಜಯಪುರದಿಂದ ಬಸ್ಸಿನಲ್ಲಿ ಬರುತ್ತಿದ್ದವರು ಒಂದು ಫೈಲನ್ನೂ ಸುಮ್ಮನೆ ಅಳಿಸುತ್ತಿರಲಿಲ್ಲ. ಕನ್ನಡಕವನ್ನು ಹಣೆಗೇರಿಸಿ ಮೊದಲು ಕೇಳುವರು, "ಇನ್ನ ಯಾರಿಗರ ಬೇಕೇನ್ರಿ ಇದು?"

ಒಮ್ಮೆ ನಾನು ಯಾರನ್ನೂ ಕೇಳದೆ ಹಳೆಯ ಜಾತಕದ ಸಾಫ್ಟ್‌ವೇರ್ ತೆಗೆದುಹಾಕಿದೆ. ಕನ್ನಡ ಟೈಪಿಂಗೇ ನಿಂತುಹೋಯಿತು. ಘೋಣಸಗಿಯವರೊಬ್ಬರ ಲಗ್ನಪತ್ರಿಕೆ ಅರ್ಧಕ್ಕೆ ಉಳಿದಿತ್ತು, ಅವರು ಎದುರಿಗೇ ಕುಳಿತಿದ್ದರು. ಫೋನ್ ಮಾಡಿದೆ. ರಿಪೇರಿಯವರು ಬಂದು ನೋಡಿದರು.

"ಕನ್ನಡ ಅಕ್ಷರದ ಫೈಲ್ ಇಲ್ಲೇ ಕುಂತೈತ್ರಿ. ಜಾತಕದ್ದು, ಟೈಪಿಂಗಿಂದು ಎರಡೂ ಸಾಫ್ಟ್‌ವೇರ್ ಇದನ್ನ ಬಳಸ್ತಿದ್ವು. ಜಾತಕದ್ದು ಹೋಗೂಮುಂದ ಕಂಪ್ಯೂಟರಿನ ಪಟ್ಟಿಯೊಳಗಿಂದ ಇದರ ಹೆಸರ ಅಳಿಸಿ ಹೋಗೈತಿ. ಕಂಪ್ಯೂಟರಿಗೆ ಗುರ್ತ ಹತ್ತವಲ್ದು."

ಒಂದು ಸಾಲು ಟೈಪ್ ಮಾಡಿ ಆ ಹೆಸರನ್ನು ಮತ್ತೆ ದಾಖಲಿಸಿದರು. ಅಕ್ಷರಗಳು ಮೂಡಿದವು. ಆಮೇಲೆ ನನ್ನನ್ನು ಚಹಾ ಮುಗಿಯುವವರೆಗೂ ಬೈದರು.

ಅವರು ಕೊನೆಯ ಸಲ ಬಂದಾಗ, ಎಲ್ಲರೂ ಮೊಬೈಲಿನಲ್ಲೇ ಟೈಪ್ ಮಾಡಿಕೊಳ್ಳುತ್ತಾರೆ, ಅಂಗಡಿ ಮುಚ್ಚುತ್ತೇನೆ ಎಂದೆ. ಕನ್ನಡಕ ಹಣೆಗೇರಿತು.

"ಇನ್ನ ಯಾರಿಗರ ಬೇಕೇನ್ರಿ ಇದು?"

"ಸೋಮವಾರಕ್ಕೊಮ್ಮೆ ಅರ್ಜಿ ಬರೆಸಾಕ ಒಬ್ಬಾಕಿ ಮುದುಕಿ ಬರ್ತಾಳ್ರಿ. ಅಷ್ಟ."

ಅವರು ಕೀಬೋರ್ಡನ್ನು ಬೋರಲು ಹಾಕಿ ಧೂಳು ಕೊಡವಿ, ಒರೆಸಿ, ನನ್ನ ಮುಂದಿಟ್ಟು ಹೋದರು.

ಇವತ್ತು ಸೋಮವಾರ. ಬಾಗಿಲು ತೆರೆದು ಕುಳಿತಿದ್ದೇನೆ.