ಡ್ರಮ್ಮರ್‌ನ ನಗು

ಆ ಮಧ್ಯಾಹ್ನ ನೆನಪಾದರೆ ಈಗಲೂ ಮೈ ಉರಿಯುತ್ತದೆ. ಆಫೀಸಿನ ಟ್ರೇನಿಂಗಿಗೆಂದು ಸಿಡ್ನಿಯಿಂದ ಮೆಲ್ಬರ್ನ್‌ಗೆ ಹೋಗಿದ್ದೆವು, ನಾನು ಮತ್ತು ನನ್ನ ಬೆಂಗಳೂರಿನ ಗೆಳೆಯ. ಆಗಿನ್ನೂ ಇಬ್ಬರಿಗೂ ಪಿಆರ್, ಅಂದರೆ ಆಸ್ಟ್ರೇಲಿಯಾದಲ್ಲಿ ಕಾಯಂ ಆಗಿ ನೆಲೆಸುವ ಪರವಾನಗಿ, ಬಂದಿರಲಿಲ್ಲ. ಶನಿವಾರ ಬಿಡುವಿತ್ತು. ಚಿಕ್ಕ ಹಾಲೊಂದರಲ್ಲಿ ಜಾಝ್ ಸಂಗೀತದ ಹಳೆಯ ಕಿರುಚಿತ್ರಗಳನ್ನು ತೋರಿಸುತ್ತಿದ್ದರು. ಒಂದೊಂದೂ ಮೂರೇ ನಿಮಿಷ, ಒಂದೊಂದರಲ್ಲೂ ಒಂದೇ ಹಾಡು.

ಒಂದು ಚಿತ್ರದಲ್ಲಿ ಕಪ್ಪು ಜನಾಂಗದ ಡ್ರಮ್ಮರ್ ಒಬ್ಬನಿದ್ದ. ಕೋಲು ಮೇಲಕ್ಕೆಸೆದು ಹಿಡಿಯುತ್ತಿದ್ದ, ಕಣ್ಣು ಗಿರಗಿರ ತಿರುಗಿಸುತ್ತಿದ್ದ, ಮೂವತ್ತೆರಡೂ ಹಲ್ಲು ತೋರಿಸುತ್ತಿದ್ದ. ಹಾಲ್‌ನಲ್ಲಿದ್ದವರೆಲ್ಲ ನಕ್ಕರು. ಚಿಕ್ಕಂದಿನಿಂದ ಮೃದಂಗ ಕಲಿತ ನಾನು ಅಭ್ಯಾಸಬಲದಿಂದ ತೊಡೆಯ ಮೇಲೆ ತಾಳ ಹಾಕುತ್ತಿದ್ದೆ. ಅವನ ಮುಖ ಎಷ್ಟೇ ಕುಣಿಯಲಿ, ಕೈ ಮಾತ್ರ ಎಲ್ಲೆಲ್ಲೋ ಸುತ್ತಿ ಬಂದು ಸರಿಯಾಗಿ ನನ್ನ ತಾಳಕ್ಕೇ ಬೀಳುತ್ತಿತ್ತು. ಕೂದಲೆಳೆಯಷ್ಟೂ ಆಚೀಚೆ ಇಲ್ಲ.

"ಏನ್ ಗುರೂ, ಒಳ್ಳೇ ಕೋಡಂಗಿ ಥರ ಆಡ್ತಾನೆ!" ಎಂದ ಗೆಳೆಯ.

"ಮುಖ ಬಿಡೋ, ಕೈ ನೋಡು."

"ಕೈ ಯಾರ್ ನೋಡ್ತಾರೆ? ನೀನೂ ಕಲ್ತ್ಕೋ. ನಮ್ ಫಂಕ್ಷನ್‌ಗೆ ಮೂರು ನಿಮಿಷ ಸಾಕು ನಿಂಗೆ. ಪೇಟ ಹಾಕ್ಕೊಂಡು, ಸ್ಮೈಲ್ ಮಾಡ್ಕೊಂಡು ನುಡ್ಸು. ಆಸ್ಟ್ರೇಲಿಯನ್ ಗೆಸ್ಟ್ ಬರ್ತಿದಾರೆ."

ಸಿಡ್ನಿಯ ನಮ್ಮ ಕನ್ನಡ ಸಂಘದ ಕಲ್ಚರಲ್ ಸೆಕ್ರೆಟರಿ ಅವನೇ. ಸಂಘದ ಫಂಕ್ಷನ್‌ನಲ್ಲಿ ನನ್ನ ಮೃದಂಗಕ್ಕೆ ಹದಿನೈದು ನಿಮಿಷ ಕೊಡುತ್ತೇನೆಂದು ಮಾತು ಕೊಟ್ಟವನೂ ಅವನೇ. ಅದಕ್ಕಾಗಿ ಆರು ತಿಂಗಳು, ಪಕ್ಕದ ಮನೆಯವರಿಗೆ ಕೇಳಿಸದಂತೆ ಗ್ಯಾರೇಜಿನಲ್ಲಿ ಕಂಬಳಿ ಇಳಿಬಿಟ್ಟು ಸಾಧನೆ ಮಾಡಿದ್ದೆ. ಇವರ ಭಾಷಣ, ಶಾಲು, ಹಾರಗಳಿಗೆ ಒಂದು ಗಂಟೆ ಸಿಗುತ್ತದೆ. ಮೃದಂಗಕ್ಕೆ ಮೂರು ನಿಮಿಷ! ಸಿಡ್ನಿ ತಲುಪುವವರೆಗೂ ಜಗಳವಾಡಿದೆ. ಕೊನೆಗೆ ಹದಿನೈದು ನಿಮಿಷವನ್ನೂ ಕಿತ್ತುಕೊಂಡೆ. ಪೇಟ ಇಲ್ಲ, ಹಲ್ಲು ಕಿರಿಯುವುದೂ ಇಲ್ಲ ಎಂದು ಖಡಾಖಂಡಿತವಾಗಿ ಹೇಳಿದೆ.

ಸಿಡ್ನಿಯ ಲಿವರ್‌ಪೂಲ್ ಬಡಾವಣೆಯ ಹಾಲ್‌ನಲ್ಲಿ ಕಾರ್ಯಕ್ರಮ. ಶುರು ಚೆನ್ನಾಗಿಯೇ ಆಯಿತು. ಹತ್ತು ನಿಮಿಷ ದಾಟುತ್ತಲೇ ಮುಂದಿನ ಸಾಲಿನ ಆಸ್ಟ್ರೇಲಿಯನ್ ಅತಿಥಿ ವಾಚು ನೋಡಿಕೊಂಡರು. ವೇದಿಕೆಯ ಪಕ್ಕದಿಂದ ಗೆಳೆಯ ಎರಡು ಬೆರಳಲ್ಲಿ ತನ್ನ ತುಟಿಯಂಚುಗಳನ್ನು ಹಿಗ್ಗಿಸಿ ತೋರಿಸಿದ: ನಗು, ನಗು.

ನಾಚಿಕೆಗೇಡು, ನಾನು ನಕ್ಕೆ. ಅತಿಥಿಯ ಕಡೆ ತಿರುಗಿ ಹಲ್ಲು ಬಿಟ್ಟು ನಕ್ಕೆ. ಅದೇ ಹೊತ್ತಿಗೆ ಲೆಕ್ಕ ತಪ್ಪಿ, ಆರು ತಿಂಗಳು ತಿದ್ದಿದ್ದ ಮುಕ್ತಾಯದ ಕೊನೆಯ ಪೆಟ್ಟು ತಾಳ ದಾಟಿ ಬಿತ್ತು.

ಯಾರಿಗೂ ಗೊತ್ತಾಗಲಿಲ್ಲ. ಭರ್ಜರಿ ಚಪ್ಪಾಳೆ ಬಿತ್ತು. ಗೆಳೆಯ ಓಡಿ ಬಂದು ಬೆನ್ನು ತಟ್ಟಿದ. "ಸ್ಮೈಲ್ ಸಖತ್ತಾಗಿತ್ತು ಗುರೂ!"

ಅವನ ಕೈ ಕೊಡವಿ ಹೊರಗೆ ಬಂದೆ. ಆ ಡ್ರಮ್ಮರ್ ಮೂರು ನಿಮಿಷವೂ ನಗುತ್ತಲೇ ಇದ್ದ, ಒಂದು ಪೆಟ್ಟೂ ತಪ್ಪಿರಲಿಲ್ಲ.